ನಾಲ್ಕೂಕಾಲರ ಬಸ್ಸಿಗೆ ಹೋದ ಫಲಿತಾಂಶ

ಚನ್ನಗಿರಿ
6 ಅಕ್ಟೋಬರ್ 2025

ಮಾನ್ಯ ಸಂಧ್ಯಾರಾಣಿಯವರಿಗೆ,

1998ರ ಜನವರಿ 24ರಂದು ಚನ್ನಗಿರಿಯಲ್ಲಿ ನಡೆದ ಅಂತರ ತಾಲ್ಲೂಕು ರಸಪ್ರಶ್ನೆ ಸ್ಪರ್ಧೆಯ ಕೊನೆಯ ಪ್ರಶ್ನೆಗೆ ತಾವು ಕೊಟ್ಟ ಉತ್ತರ ತಪ್ಪಾಗಿರಲಿಲ್ಲ. ಶನಿವಾರ ಸಂಜೆ ನನ್ನ ಮನೆಗೆ ಬಂದು ಇದನ್ನು ತಿಳಿಸಿದವರು ಪ್ರೇಮಲತಾ.

ಪ್ರೇಮಲತಾ ಯಾರೆಂದು ತಮಗೆ ನೆನಪಿರಬಹುದು. ಅಂದು ಗೆದ್ದ ಚನ್ನಗಿರಿ ತಂಡದ ನಾಯಕಿ. ಈಗ ಇಲ್ಲಿನ ಬಸ್ ನಿಲ್ದಾಣದ ಎದುರು ಪುಸ್ತಕ ಮತ್ತು ಜೆರಾಕ್ಸ್ ಅಂಗಡಿ ಇಟ್ಟಿದ್ದಾರೆ. ಮಾರಾಟಕ್ಕೆ ಬಂದ ಹೊಸ ಸಾಮಾನ್ಯ ಜ್ಞಾನದ ಪುಸ್ತಕವೊಂದನ್ನು ತಿರುವುತ್ತಿದ್ದಾಗ ‘ವಿಶ್ವದ ಮೊದಲ ಎಲೆಕ್ಟ್ರಾನಿಕ್ ಕಂಪ್ಯೂಟರ್ ಯಾವುದು?’ ಎಂಬ ಪ್ರಶ್ನೆಯ ಕೆಳಗೆ ‘ಕೊಲೊಸಸ್’ ಎಂದು ಅಚ್ಚಾಗಿರುವುದನ್ನು ನೋಡಿದ್ದಾರೆ. “ನೋಡ್ರಿ ಸರ್, ಗಲ್ಲಾ ಮೇಲೆ ಪೆನ್ನು ಇಡಾಕೆ ನಾನು ಇಟ್ಕಂಡಿರೋ ಕಪ್ ನಂದಲ್ಲ ಅಂತ ಐತೆ ಇದ್ರಾಗೆ!” ಎಂದು ನಗುತ್ತಲೇ ಹೇಳಿದರು. ತಮ್ಮ ವಿಳಾಸ ಕೊಟ್ಟವರೂ ಅವರೇ.

ನಾನು ಅಂದು ಪ್ರಶ್ನೆ ಕೇಳಿದವನು. ದಾವಣಗೆರೆಯ ದಿನಪತ್ರಿಕೆಗೆ ಇಲ್ಲಿನ ವರದಿಗಾರನೂ ಆಗಿದ್ದೆ. ನನ್ನ ಟಿಪ್ಪಣಿ ಪುಸ್ತಕದ ಪ್ರಕಾರ ಕೊನೆಯ ಪ್ರಶ್ನೆ ಹೊನ್ನಾಳಿ ತಂಡದ್ದು. ಸರಿಯಾದರೆ ಐದು ಅಂಕ, ತಪ್ಪಾದರೆ ಒಂದು ಅಂಕ ಕಡಿತ. ತಾವು ‘ಕೊಲೊಸಸ್’ ಎಂದಿರಿ. ನನ್ನ ಕಾರ್ಡಿನಲ್ಲಿ ‘ಎನಿಯಾಕ್’ ಎಂದಿತ್ತು. ಚನ್ನಗಿರಿ 44, ಹೊನ್ನಾಳಿ 39 ಎಂದು ಘೋಷಿಸಿದೆ.

ಪತ್ರಿಕೆಯಲ್ಲಿ ತಿದ್ದುಪಡಿ ಹಾಕಿಸಬೇಕೆಂದಿದ್ದೇನೆ. ಆ ಉತ್ತರ ತಮಗೆ ಹೇಗೆ ಗೊತ್ತಿತ್ತು ಎಂಬುದನ್ನು ಬರೆದು ತಿಳಿಸಿದರೆ ಅನುಕೂಲ. ಕಿವಿ ಮಂದವಾಗಿರುವುದರಿಂದ ಫೋನಿನಲ್ಲಿ ನನಗೆ ಮಾತು ಕೇಳಿಸುವುದಿಲ್ಲ.

ಇತಿ,
ಮುರುಗೇಶಪ್ಪ

—

ಜಗಳೂರು
12 ಅಕ್ಟೋಬರ್ 2025

ಮುರುಗೇಶಪ್ಪ ಸರ್‌ಗೆ ನಮಸ್ಕಾರ.

ನಿಮ್ಮ ಪತ್ರವನ್ನು ಶಾಲೆಯ ಸ್ಟಾಫ್ ರೂಮಿನಲ್ಲಿ ಒಡೆದು ಓದಿದೆ. ನಕ್ಕ ಸದ್ದಿಗೆ ಹೆಡ್ ಮಾಸ್ಟರ್ ಎದ್ದು ಬಂದರು. ನಾನಿಲ್ಲಿ ಸರ್ಕಾರಿ ಪ್ರೌಢಶಾಲೆಯಲ್ಲಿ ಗಣಿತ ಹೇಳಿಕೊಡುತ್ತೇನೆ. ಮಕ್ಕಳ ಉತ್ತರಕ್ಕೆ ಅಂಕ ಹಾಕಿ ಹಾಕಿ ಸಾಕಾದವಳಿಗೆ ಇಪ್ಪತ್ತೇಳು ವರ್ಷಗಳ ಮೇಲೆ ಐದು ಅಂಕ ಬಂತು!

ಆದರೆ ತಿದ್ದುಪಡಿ ಹಾಕಿಸಲು ಆತುರ ಮಾಡಬೇಡಿ ಸರ್. ಆ ಪುಸ್ತಕದವರು ಬರೆದಷ್ಟು ಸುಲಭದ ವಿಷಯ ಅದಲ್ಲ. ಕೊಲೊಸಸ್ ಇಂಗ್ಲೆಂಡಿನಲ್ಲಿ 1944ರ ಆರಂಭದಲ್ಲಿ ಕೆಲಸ ಶುರುಮಾಡಿತು, ಜರ್ಮನ್ ಸೈನ್ಯದ ಗುಪ್ತ ಸಂದೇಶ ಬಿಡಿಸಲು. ಎನಿಯಾಕ್ ಅಮೆರಿಕದ್ದು, 1946ರಲ್ಲಿ ಜನರ ಮುಂದೆ ಬಂತು. ಹಾಗಾದರೆ ಕೊಲೊಸಸ್ಸೇ ಮೊದಲು ಎನ್ನಬಹುದು. ಆದರೆ ಅದು ಸಂಕೇತ ಬಿಡಿಸುವುದು ಬಿಟ್ಟರೆ ಬೇರೆ ಕೆಲಸಕ್ಕೆ ಹುಟ್ಟಿದ್ದಲ್ಲ. ಎನಿಯಾಕ್‌ಗೆ ಯಾವ ಲೆಕ್ಕ ಬೇಕಾದರೂ ಕೊಡಬಹುದಿತ್ತು. ಇವೆರಡಕ್ಕಿಂತ ಮೊದಲು ಅಮೆರಿಕದ ಕಾಲೇಜೊಂದರಲ್ಲಿ ಒಬ್ಬ ಪ್ರೊಫೆಸರ್, ಒಬ್ಬ ವಿದ್ಯಾರ್ಥಿ ಸೇರಿ ಒಂದು ಯಂತ್ರ ಕಟ್ಟಿದ್ದರು. ಜರ್ಮನಿಯಲ್ಲಿ 1941ರಲ್ಲೇ ಒಂದಿತ್ತು, ಆದರೆ ಅದು ಟಕಟಕ ಎನ್ನುವ ರಿಲೇ ಸ್ವಿಚ್ಚುಗಳಿಂದ ನಡೆಯುತ್ತಿತ್ತು, ಎಲೆಕ್ಟ್ರಾನಿಕ್ ಅಲ್ಲ. ಈ ಜಗಳ ಇನ್ನೂ ಮುಗಿದಿಲ್ಲ.

ನಮ್ಮೂರು ನ್ಯಾಮತಿಯನ್ನೇ ತಗೊಳ್ಳಿ. ಅದು ತಾಲ್ಲೂಕಾದದ್ದು ಯಾವಾಗ ಎಂದು ಬಸ್ ನಿಲ್ದಾಣದಲ್ಲಿ ಕೇಳಿ ನೋಡಿ. ಘೋಷಣೆಯಾದಾಗ ಎನ್ನುತ್ತಾನೆ ಒಬ್ಬ. ಆದೇಶ ಬಂದಾಗ ಎನ್ನುತ್ತಾನೆ ಇನ್ನೊಬ್ಬ. ಬೋರ್ಡ್ ಹಾಕಿದಾಗ, ತಹಶೀಲ್ದಾರರು ಬಂದು ಕುರ್ಚಿಯಲ್ಲಿ ಕೂತಾಗ. “ನನ್ನ ಪಹಣಿ ಹೊನ್ನಾಳಿಗೆ ಹೋಗ್ದೆ ಇಲ್ಲೇ ಸಿಕ್ತಲ್ಲ, ಅವತ್ತು” ಎನ್ನುತ್ತಾಳೆ ನಮ್ಮ ಅಜ್ಜಮ್ಮ ದೊಡ್ಡಮ್ಮ. ಎಲ್ಲರೂ ಸರಿ.

ಉತ್ತರ ನನಗೆ ಹೇಗೆ ಗೊತ್ತಿತ್ತು ಎಂದು ಕೇಳಿದ್ದೀರಿ. ಹೊನ್ನಾಳಿಯಲ್ಲಿ ಓದುತ್ತಿದ್ದ ನಾನು ಸಂಜೆ ನ್ಯಾಮತಿ ಬಸ್ಸಿಗೆ ಕಾಯುವಾಗ ತಂತಿ ಕಚೇರಿಯ ಮೆಟ್ಟಿಲ ಮೇಲೆ ಕೂರುತ್ತಿದ್ದೆ. ಒಳಗೆ ತಂತಿ ಹೊಡೆಯುವ ಗಾದ್ರಪ್ಪ ಮಾಮ. ಟೆಲಿಗ್ರಾಂ ಇಲ್ಲದಾಗ ಕತೆ ಹೇಳುತ್ತಿದ್ದರು. ಐದು ಸಾಲು ತೂತುಗಳ ಕಾಗದದ ಪಟ್ಟಿಯನ್ನು ಸೆಕೆಂಡಿಗೆ ಐದು ಸಾವಿರ ಅಕ್ಷರದಂತೆ ಓದುತ್ತಿದ್ದ ಯಂತ್ರದ ಕತೆ ಹೇಳುವಾಗ ಅವರ ಎದೆ ಉಬ್ಬುತ್ತಿತ್ತು. “ಕಟ್ಟಿದೋನು ಯಾರು ಗೊತ್ತೇನವ್ವ? ಮಿಲಿಟರಿಯೋನಲ್ಲ, ಪ್ರೊಫೆಸರ್ರೂ ಅಲ್ಲ. ಅಂಚೆ ಇಲಾಖೆ ಇಂಜಿನಿಯರ್ರು! ನಮ್ಮೋನು!” ಯುದ್ಧ ಮುಗಿದ ಮೇಲೆ ಯಂತ್ರಗಳನ್ನು ಬಿಚ್ಚಿಹಾಕಿ, ನಕ್ಷೆ ಸುಟ್ಟು, ಮೂವತ್ತು ವರ್ಷ ಯಾರೂ ಬಾಯಿ ಬಿಡದಂತೆ ಮಾಡಿದರಂತೆ. ನಿಮ್ಮ ಕಾರ್ಡಿಗೆ ಅದು ಗೊತ್ತಿಲ್ಲದಿದ್ದುದು ಕಾರ್ಡಿನ ತಪ್ಪಲ್ಲ ಬಿಡಿ.

ಅಂದು ಟೈಮ್ ನೋಡಲು ವೇದಿಕೆಯಲ್ಲಿ ನಿಮ್ಮ ಪಕ್ಕ ಕೂತಿದ್ದವರೂ ಗಾದ್ರಪ್ಪ ಮಾಮನೇ. ಅವರು “ತಡಿ, ಹುಡುಗಿ ಹೇಳಿದ್ದು ಸರಿ ಇರಬಹುದು” ಎಂದರು. ನೀವು ಮೈಕಿನ ಮುಂದೆಯೇ “ನೀನೇ ಇಲ್ಲಿಂದ ಹೇಳಿಕೊಟ್ಟಿದೀಯ” ಎಂದಿರಿ. ಉತ್ತರ ತಪ್ಪು ಎಂದದ್ದಕ್ಕೆ ನಾನು ಅತ್ತಿರಲಿಲ್ಲ ಸರ್. ಆ ಮಾತಿಗೆ ಅತ್ತೆ. ಮರುದಿನದಿಂದ ಶಾಲೆಯಲ್ಲಿ ನನ್ನ ಹೆಸರೇ ‘ಹೇಳಿಕೊಟ್ಟವಳು’ ಎಂದಾಯಿತು. ಮಾಮ ನಿಮ್ಮ ಹೆಸರೆತ್ತಿದರೆ ಇವತ್ತಿಗೂ ಎದ್ದು ಹೋಗುತ್ತಾರೆ.

ಒಂದು ಪ್ರಶ್ನೆ ನನ್ನದೂ ಇದೆ. ನಾನು ಉತ್ತರ ಹೇಳಿದ ತಕ್ಷಣ ನೀವು ಕಾರ್ಡ್ ನೋಡಲಿಲ್ಲ. ಗೋಡೆಯ ಗಡಿಯಾರ ನೋಡಿದಿರಿ. ಯಾಕೆ?

ನಿಮ್ಮ
ಸಂಧ್ಯಾರಾಣಿ

—

ಚನ್ನಗಿರಿ
17 ಅಕ್ಟೋಬರ್ 2025

ಮಾನ್ಯ ಸಂಧ್ಯಾರಾಣಿಯವರಿಗೆ,

ಪತ್ರ ಮೊನ್ನೆ ತಲುಪಿತು. ನ್ಯಾಮತಿ ತಾಲ್ಲೂಕಾಯಿತು ಎಂಬ ಸುದ್ದಿಯನ್ನು ನಮ್ಮ ಪತ್ರಿಕೆ ನಾಲ್ಕು ಸಲ ಪ್ರಕಟಿಸಿದೆ. ನಾಲ್ಕು ಸಲವೂ ‘ಕೊನೆಗೂ’ ಎಂಬ ಪದದಿಂದ ಆರಂಭ. ಕಡತ ತೆಗೆದು ನೋಡಿ ಖಚಿತಪಡಿಸಿಕೊಂಡಿದ್ದೇನೆ.

ಗ್ರಂಥಾಲಯದಲ್ಲಿ ಎರಡು ದಿನ ಕೂತು ತಾವು ಹೇಳಿದ್ದನ್ನು ಪರಿಶೀಲಿಸಿದೆ. ಒಂದು ಅಂಶ ಬಿಟ್ಟಿದ್ದೀರಿ. 1973ರ ಅಕ್ಟೋಬರಿನಲ್ಲಿ ಅಮೆರಿಕದ ನ್ಯಾಯಾಲಯವು ಎನಿಯಾಕ್‌ನ ಪೇಟೆಂಟನ್ನು ರದ್ದುಪಡಿಸಿ, ಮೂಲ ಕಲ್ಪನೆ ಆ ಕಾಲೇಜಿನ ಪ್ರೊಫೆಸರರದ್ದೆಂದು ತೀರ್ಪು ಕೊಟ್ಟಿದೆ. ಆ ಹೊತ್ತಿಗೆ ಕೊಲೊಸಸ್ ಇನ್ನೂ ಗುಟ್ಟಾಗಿಯೇ ಇದ್ದುದರಿಂದ ನ್ಯಾಯಾಧೀಶರ ಮುಂದೆ ಅದರ ಹೆಸರೇ ಬರಲಿಲ್ಲ. ಅಂದರೆ 1998ರಲ್ಲಿ ನನ್ನ ಕಾರ್ಡು ನ್ಯಾಯಾಲಯದ ಪ್ರಕಾರವೂ ತಪ್ಪು, ತಮ್ಮ ಪ್ರಕಾರವೂ ತಪ್ಪು. ಇದನ್ನು ಓದುವಾಗ ಬಹಳ ವರ್ಷಗಳ ಮೇಲೆ ಸುದ್ದಿ ಸಿಕ್ಕ ಖುಷಿಯಾಯಿತು. ಮಧ್ಯಾಹ್ನದ ಊಟಕ್ಕೆ ಮನೆಗೆ ಹೋಗುವುದು ಮರೆತೆ. ನನ್ನ ಪತ್ನಿ ಸರ್ವಮಂಗಳಮ್ಮ ಗ್ರಂಥಾಲಯಕ್ಕೇ ಬಂದು ಎಬ್ಬಿಸಿಕೊಂಡು ಹೋದಳು.

ದೀಪಾವಳಿಯ ಶುಭಾಶಯಗಳು.

ಇತಿ,
ಮುರುಗೇಶಪ್ಪ

—

ಜಗಳೂರು
2 ನವೆಂಬರ್ 2025

ಮುರುಗೇಶಪ್ಪ ಸರ್‌ಗೆ ನಮಸ್ಕಾರ.

ನ್ಯಾಯಾಲಯದ ತೀರ್ಪು ಸಿಕ್ಕಿತು, ಗಡಿಯಾರದ ಉತ್ತರ ಸಿಗಲಿಲ್ಲ.

ಹಬ್ಬಕ್ಕೆ ನ್ಯಾಮತಿಗೆ ಹೋಗುವಾಗ ಹೊನ್ನಾಳಿಯಲ್ಲಿ ಇಳಿದು ಗಾದ್ರಪ್ಪ ಮಾಮನನ್ನು ನೋಡಿದೆ. ಎಂಬತ್ತೊಂದು ವರ್ಷ, ಬೆನ್ನು ನೆಟ್ಟಗೆ. ನಿಮ್ಮ ಪತ್ರದ ಸುದ್ದಿ ಎತ್ತಿದೆ. ಈ ಸಲ ಎದ್ದು ಹೋಗಲಿಲ್ಲ, ಯಾಕೆಂದರೆ ಅವರ ಹೆಂಡತಿ ದುರುಗಮ್ಮ ಅತ್ತೆ ಆಗತಾನೇ ಹೋಳಿಗೆ ಬಡಿಸಿದ್ದರು.

“ಯಾರು, ಪೇಪರ್ ಮುರುಗೇಶನಾ? ಐತೇನವ್ವ ಆ ಪ್ರಾಣಿ ಇನ್ನೂ?”

“ಐತೆ ಮಾಮ. ಕಿವಿ ಕೇಳಲ್ವಂತೆ.”

“ಅವಾಗ್ಲೂ ಕೇಳ್ತಿರ್ಲಿಲ್ಲ ಬಿಡು. ತಡಿ ತಡಿ ಅಂದೆ, ಕೇಳಿಸ್ಕಂಡ್ನಾ?”

“ನೀವೂ ಮಾತು ಬಿಟ್ಟು ಏನ್ ಸಾಧಿಸಿದ್ರಿ?” ಎಂದರು ಅತ್ತೆ. “ವಾರಕ್ಕೊಂದ್ಸಲ ಇಬ್ರೂ ಕೂತು ಚಹಾ ಕುಡಿಯೋರು. ಆಮೇಲೆ ಆ ಚಹಾದ ಟೈಮಿಗೆಲ್ಲ ನನ್ ತಲೆ ತಿಂದ್ರಿ.”

ಮಾಮ ಮಾತು ತಿರುಗಿಸಲು ಜರ್ಮನ್ ಆಪರೇಟರನ ಕತೆ ಶುರುಮಾಡಿದರು. 1941ರಲ್ಲಿ ನಡೆದದ್ದು. ಅವರ ಮಾತಿನಲ್ಲೇ ಕೇಳಿ: “ಸುಮಾರು ನಾಕು ಸಾವಿರ ಅಕ್ಷರದ ಗುಪ್ತ ಸಂದೇಶ. ಆ ಕಡೆಯೋನು ಸರಿಯಾಗಿ ಬರ್ಲಿಲ್ಲ, ಮತ್ತೆ ಕಳ್ಸು ಅಂದ. ಯಾವ ಆಪರೇಟರ್‌ಗೆ ಬೇಜಾರಾಗಲ್ಲ ಹೇಳು? ಗುಟ್ಟು ಮಾಡೋ ಯಂತ್ರದ ಚಕ್ರ ಎಲ್ಲಾ ಮೊದ್ಲಿದ್ದ ಜಾಗಕ್ಕೇ ತಿರುಗಿಸಿಟ್ಟ. ಎರಡ್ನೇ ಸಲ ಅಲ್ಲಲ್ಲಿ ಪದ ಮೊಟಕು ಮಾಡಿ ಹೊಡ್ದ. ಇಂಗ್ಲೆಂಡಿನೋರು ಎರಡನ್ನೂ ಪಕ್ಕಪಕ್ಕ ಇಟ್ಕಂಡು ಕೂತ್ರು. ಎಲ್ಲಿ ವ್ಯತ್ಯಾಸ ಐತೋ ಅಲ್ಲೇ ಬೀಗ ಬಿಚ್ಚಿತು. ಒಂದೇ ಸಲ ಕಳ್ಸಿದ್ರೆ ಯಾರಿಗೂ ಗೊತ್ತಾಗ್ತಿರ್ಲಿಲ್ಲ.”

ಆ ರಾತ್ರಿ ನ್ಯಾಮತಿಯ ಮನೆಯಲ್ಲಿ ನನ್ನ ಎಸ್ಸೆಸ್ಸೆಲ್ಸಿ ಅಂಕಪಟ್ಟಿಯ ಕವರ್ ತೆಗೆದೆ. ಅದರಲ್ಲಿ ಅಪ್ಪ ಕತ್ತರಿಸಿಟ್ಟ ನಿಮ್ಮ ವರದಿ ಇದೆ. ಸೋತ ಸುದ್ದಿಯಾದರೂ ಮಗಳ ಹೆಸರು ಅಚ್ಚಾಗಿತ್ತಲ್ಲ. ಅದನ್ನೂ ನಿಮ್ಮ ಮೊದಲ ಪತ್ರವನ್ನೂ ಪಕ್ಕಪಕ್ಕ ಇಟ್ಟೆ.

ಪತ್ರದಲ್ಲಿ ನೀವು ಬರೆದಿರುವುದು: ಚನ್ನಗಿರಿ 44, ಹೊನ್ನಾಳಿ 39.
ಪತ್ರಿಕೆಯಲ್ಲಿ ಅಚ್ಚಾಗಿರುವುದು: ಚನ್ನಗಿರಿ 44, ಹೊನ್ನಾಳಿ 40.

ನನ್ನ ಉತ್ತರಕ್ಕೆ ಒಂದು ಅಂಕ ಕಡಿತವಾದ ಮೇಲೆ ನಾವು 39. ಕೊನೆಯ ಪ್ರಶ್ನೆ ಕೇಳುವ ಮೊದಲು ನಾವು 40. ಹಾಗಾದರೆ ಪತ್ರಿಕೆಗೆ ಹೋದ ವರದಿ ಬರೆದದ್ದು ಯಾವಾಗ ಸರ್?

ಗಣಿತದವಳು ಕೇಳುತ್ತಿದ್ದೇನೆ. ಸಿಟ್ಟಿನಿಂದಲ್ಲ.

ಸಂಧ್ಯಾರಾಣಿ

—

ಚನ್ನಗಿರಿ
29 ನವೆಂಬರ್ 2025

ಸಂಧ್ಯಾರಾಣಿಯವರಿಗೆ,

ವರದಿ ಬರೆದದ್ದು ಕೊನೆಯ ಪ್ರಶ್ನೆಗೆ ಮೊದಲು. ತಡವಾಗಿ ಉತ್ತರಿಸುತ್ತಿದ್ದೇನೆ. ಈ ಪತ್ರವನ್ನು ನಾಲ್ಕು ಸಲ ಬರೆದು ಹರಿದಿದ್ದೇನೆ.

ಆ ಕಾಲದಲ್ಲಿ ತಾಲ್ಲೂಕಿನ ಸುದ್ದಿ ಪತ್ರಿಕೆಗೆ ಹೋಗುತ್ತಿದ್ದುದು ಬಸ್ಸಿನಲ್ಲಿ. ವರದಿಯನ್ನು ಕವರಿಗೆ ಹಾಕಿ, ಮೇಲೆ ‘ತುರ್ತು ಸುದ್ದಿ’ ಎಂದು ಬರೆದು ದಾವಣಗೆರೆ ಬಸ್ಸಿನ ಡ್ರೈವರ್ ಕೈಗೆ ಕೊಡುತ್ತಿದ್ದೆವು. ಅಲ್ಲಿನ ನಿಲ್ದಾಣದಲ್ಲಿ ಕಚೇರಿಯವರು ಬಂದು ತೆಗೆದುಕೊಳ್ಳುತ್ತಿದ್ದರು. ನಾಲ್ಕೂಕಾಲರ ಬಸ್ಸು ತಪ್ಪಿದರೆ ಮರುದಿನದ ಪತ್ರಿಕೆಗೆ ಸುದ್ದಿ ಇಲ್ಲ.

ಅಂದು ಸ್ಪರ್ಧೆ ಮೂರೂವರೆಗೆ ಮುಗಿಯಬೇಕಿತ್ತು. ಒಂದು ಪ್ರಶ್ನೆ ಉಳಿದಿದ್ದಾಗ ಮುಖ್ಯ ಅತಿಥಿಗಳು ಊರಿಗೆ ಹೋಗುವ ಅವಸರವಿದೆ, ಈಗಲೇ ಎರಡು ಮಾತಾಡುತ್ತೇನೆ ಎಂದರು. ನಲವತ್ತೈದು ನಿಮಿಷ ಮಾತಾಡಿದರು. ಹೊಸ ಜಿಲ್ಲೆಯ ಮೊದಲ ಅಂತರ ತಾಲ್ಲೂಕು ಸ್ಪರ್ಧೆ. ಮೊದಲ ಪುಟದ ಕೆಳಗೆ ಜಾಗ ಕೊಡುವುದಾಗಿ ಕಚೇರಿಯವರು ಹೇಳಿದ್ದರು. ಚನ್ನಗಿರಿ ನಾಲ್ಕು ಅಂಕ ಮುಂದಿತ್ತು. ಉಳಿದದ್ದು ಕಂಪ್ಯೂಟರ್ ಪ್ರಶ್ನೆ. ತಮ್ಮ ಶಾಲೆಯಲ್ಲಿ ಕಂಪ್ಯೂಟರನ್ನು ಕಣ್ಣಾರೆ ಕಂಡವರೂ ಇಲ್ಲವೆಂದು ನನಗೆ ಗೊತ್ತಿತ್ತು. ಭಾಷಣದ ನಡುವೆ ಹಿಂದಿನ ಬಾಗಿಲಿನಿಂದ ಹೊರಗೆ ಹೋಗಿ, ‘ಚನ್ನಗಿರಿಗೆ ಪ್ರಥಮ ಸ್ಥಾನ’ ಎಂದು ಬರೆದು, ಕವರ್ ಕೊಟ್ಟು ಬಂದೆ.

ತಾವು ಉತ್ತರ ಹೇಳಿದಾಗ ಗಡಿಯಾರದಲ್ಲಿ ನಾಲ್ಕೂ ಇಪ್ಪತ್ತೆರಡು. ಬಸ್ಸು ಹೊರಟು ಏಳು ನಿಮಿಷವಾಗಿತ್ತು.

ಗಾದ್ರಪ್ಪ “ತಡಿ” ಎಂದಾಗ ತಡೆಯಬಹುದಿತ್ತು. ಪರಿಶೀಲಿಸಿ ನಾಳೆ ಹೇಳುತ್ತೇವೆ ಎನ್ನಬಹುದಿತ್ತು. ಆದರೆ ನಾಳೆಯ ಪತ್ರಿಕೆ ಆಗಲೇ ಬಸ್ಸಿನಲ್ಲಿತ್ತು. ಅವನ ಬಾಯಿ ಮುಚ್ಚಿಸಲು ಆ ಮಾತು ಆಡಿದೆ. ಅವನು ಹೇಳಿಕೊಟ್ಟಿಲ್ಲವೆಂದು ನನಗೆ ಆಗಲೂ ಗೊತ್ತಿತ್ತು. ಅವನು ತುಟಿ ಬಿಚ್ಚಿದ್ದು ತಾವು ಉತ್ತರ ಹೇಳಿದ ಮೇಲೆ.

ನಲವತ್ತು ವರ್ಷದ ವರದಿಗಾರಿಕೆಯಲ್ಲಿ ಇದೊಂದನ್ನು ಯಾರಿಗೂ ಹೇಳಿರಲಿಲ್ಲ. ಮೊದಲ ಪತ್ರದಲ್ಲಿ ಕಾರ್ಡಿನ ಮೇಲೆ ತಪ್ಪು ಹೊರಿಸಿ ಮುಗಿಸೋಣ ಎಂದುಕೊಂಡಿದ್ದೆ. ಕ್ಷಮೆ ಕೇಳುತ್ತೇನೆ.

ಗಾದ್ರಪ್ಪನಿಗೆ ಬರೆದ ಪತ್ರ ಇದರೊಳಗಿದೆ. ನನ್ನ ಕೈಬರಹ ಕಂಡರೆ ಅಂಚೆಯವರಿಗೆ ವಾಪಸು ಕೊಡುತ್ತಾನೆ. ತಾವೇ ಮುಟ್ಟಿಸಬೇಕು.

ಮುರುಗೇಶಪ್ಪ

—

ಹೊನ್ನಾಳಿ
10 ಡಿಸೆಂಬರ್ 2025

ಮುರುಗೇಶ,

ನಿನ್ನ ಕಾಗದ ಸಂಧ್ಯಾ ತಂದುಕೊಟ್ಟಳು. ಓದಿದೆ. ದುರುಗಮ್ಮನಿಗೂ ಓದಿ ಹೇಳಿದೆ.

ನೀನು ದೊಡ್ಡ ದಡ್ಡ ಕಣೋ. ನಿನ್ನ ಪಕ್ಕದ ಕುರ್ಚಿಯಲ್ಲಿ ಕೂತಿದ್ದವನು ಯಾರು? ತಂತಿ ಕಚೇರಿಯವನು! ಕಿವಿಯಲ್ಲಿ ಒಂದು ಮಾತು ಹೇಳಿದ್ದರೆ ಇಬ್ಬರೂ ಎದ್ದು ಚನ್ನಗಿರಿ ತಂತಿ ಕಚೇರಿಗೆ ಹೋಗುತ್ತಿದ್ದೆವು. ‘ಬಸ್ಸಿನ ವರದಿ ತಡೆಯಿರಿ’ ಎಂದು ಒಂದು ಪ್ರೆಸ್ ಟೆಲಿಗ್ರಾಂ. ನಾನೇ ತಂತಿ ಕೀಲಿಯ ಮುಂದೆ ಕೂತು ಹೊಡೆಯುತ್ತಿದ್ದೆ. ಬಸ್ಸು ಸಂತೇಬೆನ್ನೂರು ದಾಟುವ ಮೊದಲು ದಾವಣಗೆರೆಗೆ ಮುಟ್ಟುತ್ತಿತ್ತು. ಸರ್ವೀಸಿನಲ್ಲಿ ಎಷ್ಟೋ ಮದುವೆ ನಿಲ್ಲಿಸಿದ್ದೇನೆ ತಂತಿಯಲ್ಲಿ, ನಿನ್ನ ಒಂದು ಕವರ್ ನಿಲ್ಲಿಸಲು ಆಗುತ್ತಿರಲಿಲ್ಲವೇ?

ತಂತಿಯವನ ಪಕ್ಕ ಕೂತುಕೊಂಡು ಬಸ್ಸಿಗೆ ಹೆದರಿದೆಯಲ್ಲೋ!

ಇಪ್ಪತ್ತೇಳು ವರ್ಷದ ಸಿಟ್ಟು ನಗು ಬಂದು ಹಾಳಾಯಿತು. ಈಗ ಸಿಟ್ಟು ಮಾಡಬೇಕೆಂದರೂ ಆಗುತ್ತಿಲ್ಲ. ಅದಕ್ಕೆ ಮಾತ್ರ ನಿನ್ನ ಮೇಲೆ ಸಿಟ್ಟು.

ನನ್ನದು ಬಿಡು. ಹುಡುಗಿಯ ಹೆಸರಿಗೆ ಅಂಟಿಸಿದ್ದನ್ನು ಬಿಡಿಸು. ಅದು ಆದ ಮೇಲೆ ಚಹಾಕ್ಕೆ ಬಾ. ಸಕ್ಕರೆ ಇಲ್ಲ, ಡಾಕ್ಟರು ಬೇಡ ಅಂದಿದ್ದಾರೆ.

ಗಾದ್ರಪ್ಪ
ನಿವೃತ್ತ ತಂತಿ ನೌಕರ

—

ಜಗಳೂರು
14 ಡಿಸೆಂಬರ್ 2025

ಸರ್,

ನಿಮ್ಮ ಪತ್ರವನ್ನು ಎರಡು ಸಲ ಓದಿದೆ. ಮೊದಲ ಸಲ ಸಿಟ್ಟು ಬಂತು. ಅವತ್ತು ಅಪ್ಪ ಬಸ್ಸಿನಲ್ಲಿ ನನ್ನ ಪಕ್ಕ ಕೂತು ಟಿಕೆಟ್ ಮಡಚಿ ಬಿಚ್ಚುತ್ತಲೇ ಇದ್ದದ್ದು ನೆನಪಾಯಿತು. ಅವರೀಗ ಇಲ್ಲ. ಇದ್ದಿದ್ದರೆ ಈ ಕಾಗದವನ್ನೂ ಅದೇ ಕವರಿನಲ್ಲಿ ಇಡುತ್ತಿದ್ದರು, ನಾನು ಇಟ್ಟಿದ್ದೇನೆ. ಎರಡನೇ ಸಲ ಓದುವಾಗ ನೀವು ಕವರ್ ಹಿಡಿದು ಹಿಂದಿನ ಬಾಗಿಲಿನಿಂದ ಓಡುವುದು, ಒಳಗೆ ಭಾಷಣ ಸಾಗುತ್ತಲೇ ಇರುವುದು ಕಣ್ಣಿಗೆ ಕಟ್ಟಿತು. ನಗು ಬಂದುಬಿಟ್ಟಿತು.

ಕಪ್ ಬೇಡ. ತಿದ್ದುಪಡಿ ಬೇಕು. ಕೊಲೊಸಸ್ಸೇ ಮೊದಲು ಎಂದು ಬರೆಯಬೇಡಿ, ಅದು ಇನ್ನೂ ಚರ್ಚೆಯಲ್ಲಿದೆ. ‘ಹೇಳಿಕೊಟ್ಟದ್ದಲ್ಲ’ ಎಂಬುದು ಚರ್ಚೆಯಲ್ಲಿಲ್ಲ. ಅದು ಇರಲಿ.

ಸಂಧ್ಯಾರಾಣಿ

—

ಚನ್ನಗಿರಿ
19 ಜನವರಿ 2026

ಪ್ರಿಯ ಸಂಧ್ಯಾರಾಣಿ,

ತಿದ್ದುಪಡಿ ಜನವರಿ 11ರ ಸಂಚಿಕೆಯ ಐದನೇ ಪುಟದಲ್ಲಿ ಪ್ರಕಟವಾಗಿದೆ. ಪತ್ರಿಕೆಯನ್ನು ಮೊದಲು ಕಂಡು ನನ್ನ ಬಾಗಿಲು ತಟ್ಟಿದವರು ಪ್ರೇಮಲತಾ. ಈಗಿನ ಸಂಪಾದಕರು ವಯಸ್ಸಿನಲ್ಲಿ ಚಿಕ್ಕವರು. “ಸರ್, ಆ ವರದಿ ಬಂದಾಗ ನಾನು ಅಂಗನವಾಡಿಯಲ್ಲಿದ್ದೆ” ಎಂದರು. ಮೂರು ಸಲ ದಾವಣಗೆರೆಗೆ ಹೋಗಿ ಬಂದ ಮೇಲೆ ಒಪ್ಪಿದರು. ನಾನು ಮೂವತ್ತು ಸಾಲು ಬರೆದಿದ್ದೆ, ಬೋರ್‌ವೆಲ್ ಜಾಹೀರಾತು ಬಂದು ಇಷ್ಟು ಉಳಿಯಿತು:

“ತಿದ್ದುಪಡಿ: 1998ರ ಜನವರಿ 25ರ ಸಂಚಿಕೆಯಲ್ಲಿ ಪ್ರಕಟವಾದ ರಸಪ್ರಶ್ನೆ ಸ್ಪರ್ಧೆಯ ವರದಿಯನ್ನು ಸ್ಪರ್ಧೆ ಮುಗಿಯುವ ಮೊದಲೇ ಬರೆಯಲಾಗಿತ್ತು. ಹೊನ್ನಾಳಿ ತಂಡದ ಸಂಧ್ಯಾರಾಣಿ ಕೊಟ್ಟ ಕೊನೆಯ ಉತ್ತರವನ್ನು ಪರಿಶೀಲಿಸದೆ ತಳ್ಳಿಹಾಕಲಾಯಿತು. ಆ ಉತ್ತರವನ್ನು ವೇದಿಕೆಯಿಂದ ಯಾರೂ ಹೇಳಿಕೊಟ್ಟಿರಲಿಲ್ಲ. ತಪ್ಪು ವರದಿಗಾರನದು.”

ಪ್ರೇಮಲತಾ ಇದನ್ನು ಇಪ್ಪತ್ತು ಜೆರಾಕ್ಸ್ ತೆಗೆದರು, ಒಂದು ಇದರೊಂದಿಗಿದೆ. ಕಪ್ ನಿಮಗೆ ಬೇಡವಂತೆ ಎಂದೆ. “ಬೇಡ ಅಂದ್ರೆ ಬಿಡಾಕೆ ಆಗ್ತೈತಾ? ಹಂಗಂತ ಸುಮ್ನೆ ಕೊಡಾಕೂ ನಾನು ತಯಾರಿಲ್ಲ. ಬರ್ಲಿ ಅವಳು, ಆಡಿ ತಗೊಂಡು ಹೋಗ್ಲಿ. ನಾನು ಎನಿಯಾಕ್ ಕಡೆ. ಓದ್ಕಂಡು ರೆಡಿ ಆಗೀನಿ” ಎಂದು ಪೆನ್ನುಗಳನ್ನು ತೆಗೆದು ಕಪ್‌ಗೆ ಹುಣಸೆಹಣ್ಣು ಹಚ್ಚಿ ಉಜ್ಜಿದ್ದಾರೆ. ಕಪ್ಪಿನ ಒಂದು ಕಿವಿ ಮುರಿದಿದೆ.

ನಿನ್ನೆ ಹೊನ್ನಾಳಿಗೆ ಹೋಗಿದ್ದೆ. ಗಾದ್ರಪ್ಪ ಬಾಗಿಲಲ್ಲೇ ನಿಂತಿದ್ದ. ಇಬ್ಬರೂ ಕೂತು ಚಹಾ ಕುಡಿದೆವು. ಲೋಟ ಕೆಳಗಿಟ್ಟ ಮೇಲೆ ಬೆರಳಿನಿಂದ ಮೇಜಿನ ಮೇಲೆ ಏನನ್ನೋ ಕುಟ್ಟಿದ. ನನಗೆ ತಂತಿಯವರ ಮೋರ್ಸ್ ಭಾಷೆ ಬರುವುದಿಲ್ಲ, ಬಂದರೂ ಕೇಳಿಸುತ್ತಿರಲಿಲ್ಲ. ಏನೆಂದು ಕೇಳಿದೆ. “ಇನ್ನೊಂದು ಲೋಟ ತಾ ಅಂದೆ” ಎಂದ. ಒಳಗಿನಿಂದ ದುರುಗಮ್ಮ ಚಹಾ ತಂದೇಬಿಟ್ಟರು. ಮೋರ್ಸ್ ಅವರಿಗೆ ಬರುತ್ತದೆ. ನಾಲ್ಕೂಕಾಲರವರೆಗೂ ಕೂತಿದ್ದೆ.

ಉಳಿದುಹೋದ ಒಂದು ಪ್ರಶ್ನೆಯ ಸ್ಪರ್ಧೆಯು ಫೆಬ್ರುವರಿ 8ರ ಭಾನುವಾರ ಬೆಳಿಗ್ಗೆ 11 ಗಂಟೆಗೆ ನ್ಯಾಮತಿಯಲ್ಲಿ ನಿಮ್ಮ ಅಜ್ಜಮ್ಮ ದೊಡ್ಡಮ್ಮನವರ ಮನೆಯ ಪಡಸಾಲೆಯಲ್ಲಿ ನಡೆಯಲಿದೆ. ಪ್ರಶ್ನೆ ಅದೇ. ಇಬ್ಬರಿಗೂ ತಲಾ ಹತ್ತು ನಿಮಿಷ. ‘ಮೊದಲ’ ಎಂದರೆ ಏನೆಂದು ಮೊದಲು ಹೇಳಿ, ನಂತರ ವಾದ ಮಂಡಿಸಬೇಕು. ಸಮಯ ನೋಡುವವರು ಗಾದ್ರಪ್ಪ. ಮುಖ್ಯ ಅತಿಥಿ ಇರುವುದಿಲ್ಲ. ವರದಿಯನ್ನು ಸ್ಪರ್ಧೆ ಮುಗಿದ ಮೇಲೆ ಬರೆಯಲಾಗುವುದು.

ಇತಿ,
ಮುರುಗೇಶಪ್ಪ